ಕಾಣೆಯಾದ ಡಿಎಲ್‌ಎಲ್ ಫೈಲನ್ನು ಹೆಸರು ಹುಡುಕಿ ಇಳಿಸಿಕೊಳ್ಳಬೇಡಿ

ಕಂಪ್ಯೂಟರಿನಲ್ಲಿ ಇಂಥ ಡಿಎಲ್‌ಎಲ್ ಫೈಲ್ (ಪ್ರೋಗ್ರಾಮುಗಳು ಓಡಲು ಬೇಕಾದ ಸಹಾಯಕ ಫೈಲ್) ಸಿಗುತ್ತಿಲ್ಲ ಎಂಬ ಸಂದೇಶ ಬಂದ ಕೂಡಲೇ, ಆ ಹೆಸರನ್ನೇ ಗೂಗಲ್‌ನಲ್ಲಿ ಹುಡುಕಿ, ಮೊದಲು ಕಂಡ ತಾಣದಿಂದ ಫೈಲನ್ನು ಇಳಿಸಿಕೊಳ್ಳುವ ಅಭ್ಯಾಸ ನಮ್ಮ ರಿಪೇರಿ ಅಂಗಡಿಗಳಲ್ಲಿ ಇನ್ನೂ ಹೋಗಿಲ್ಲ. ಡೊಂಬಿವಲಿಯಲ್ಲಿ ಹೋಟೆಲ್ ನಡೆಸುವ ನನ್ನ ಸೋದರಮಾವ ಇದರಿಂದ ಪಟ್ಟ ಪಾಡನ್ನು ಅವರ ಒಪ್ಪಿಗೆ ಪಡೆದೇ ಇಲ್ಲಿ ಬರೆಯುತ್ತಿದ್ದೇನೆ. ಮುಂಬೈ, ಠಾಣೆ ಭಾಗದಲ್ಲಿ ನಮ್ಮವರ ಎಷ್ಟೋ ಹೋಟೆಲುಗಳ ಗಲ್ಲಾದಲ್ಲಿ ಇಂಥದ್ದೇ ಹಳೆಯ ಕಂಪ್ಯೂಟರ್ ಇರುತ್ತದೆ, ಅದನ್ನು ನೋಡಿಕೊಳ್ಳಲು ಇಂಥದ್ದೇ ಅಂಗಡಿಯೂ ಇರುತ್ತದೆ.

ಮಾರಾಟದ ಜಿಎಸ್‌ಟಿ ವಿವರವಾದ ಜಿಎಸ್‌ಟಿಆರ್-1 ಸಲ್ಲಿಸಲು 11ನೇ ತಾರೀಖು ಹತ್ತಿರವಾಗುತ್ತಿದ್ದಾಗ ಬಿಲ್ಲಿಂಗ್ ಸಾಫ್ಟ್‌ವೇರ್ ತೆರೆಯುವುದನ್ನೇ ನಿಲ್ಲಿಸಿತು. ‘ವಿಸಿರನ್‌ಟೈಮ್140.ಡಿಎಲ್‌ಎಲ್’ ಸಿಗಲಿಲ್ಲ, ಪ್ರೋಗ್ರಾಮನ್ನು ಮರಳಿ ಇನ್‌ಸ್ಟಾಲ್ ಮಾಡಿದರೆ ಸರಿಹೋಗಬಹುದು ಎಂದು ಪರದೆಯ ಮೇಲೆ ಬರುತ್ತಿತ್ತು. ಈ ಫೈಲ್ ಬಿಲ್ಲಿಂಗ್ ಸಾಫ್ಟ್‌ವೇರಿನ ಸ್ವಂತದ್ದಲ್ಲ. ಪ್ರೋಗ್ರಾಮ್ ಬರೆಯುವ ಸಾಧನವಾದ ಮೈಕ್ರೋಸಾಫ್ಟಿನ ವಿಷುಯಲ್ ಸಿ++ ಬಳಸಿ ತಯಾರಾದ ಎಷ್ಟೋ ಪ್ರೋಗ್ರಾಮುಗಳು ತಮಗೆ ಬೇಕಾದ ಸಾಮಾನ್ಯ ಕೆಲಸಗಳನ್ನು ತಾವೇ ಹೊತ್ತು ತರುವ ಬದಲು ಇಂಥ ಹಂಚಿಕೆಯ ಫೈಲುಗಳಿಂದ ಪಡೆಯುತ್ತವೆ. ಆದ್ದರಿಂದ ಒಂದು ಫೈಲ್ ಹೋದರೆ ಅದನ್ನು ನಂಬಿದ ಹಲವು ಪ್ರೋಗ್ರಾಮುಗಳು ಒಮ್ಮೆಗೇ ನಿಲ್ಲುತ್ತವೆ.

ಅಂಗಡಿಯಿಂದ ಬಂದ ಹುಡುಗ ಯಾವುದೋ ತಾಣದಿಂದ ಫೈಲನ್ನು ಇಳಿಸಿ ಸಿಸ್ಟಮ್32 ಫೋಲ್ಡರಿಗೆ ಹಾಕಿದ. ಸಂದೇಶ ಹೋಗಲಿಲ್ಲ. ಹೋಗುವ ಸಾಧ್ಯತೆಯೂ ಇರಲಿಲ್ಲ. ವಿಂಡೋಸ್ ಮತ್ತು ಅದರ ಪ್ರೋಗ್ರಾಮುಗಳು 32 ಬಿಟ್, 64 ಬಿಟ್ ಎಂಬ ಎರಡು ಬಗೆಯಲ್ಲಿ ಬರುತ್ತವೆ. 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32 ಎಂಬ ಫೋಲ್ಡರ್ ಇರುವುದು 64 ಬಿಟ್ ಫೈಲುಗಳಿಗೆ. 32 ಬಿಟ್ ಫೈಲುಗಳಿರುವುದು ಸಿಸ್‌ವಾವ್64 ಎಂಬ ಫೋಲ್ಡರಿನಲ್ಲಿ. ಈ ತಲೆಕೆಳಗಾದ ಹೆಸರುಗಳನ್ನು ಇಟ್ಟವರಿಗೆ ಏನು ಹೇಳಬೇಕೋ ತಿಳಿಯದು. ಮಾವನವರ ಬಿಲ್ಲಿಂಗ್ ಸಾಫ್ಟ್‌ವೇರ್ 32 ಬಿಟ್ಟಿನದಾದ್ದರಿಂದ ಅದು ಸಿಸ್ಟಮ್32ರ ಕಡೆಗೆ ನೋಡುವುದೇ ಇಲ್ಲ. ಆಮೇಲೆ ಅವನು ಅದೇ ಫೈಲನ್ನು ಸಾಫ್ಟ್‌ವೇರಿನ ಫೋಲ್ಡರಿಗೇ ಹಾಕಿದಾಗ ಹಳೆಯ ಸಂದೇಶದ ಜಾಗದಲ್ಲಿ 0xಸಿ000007ಬಿ ಎಂಬ ದೋಷಸಂಖ್ಯೆ ಕಾಣಿಸಿಕೊಂಡಿತು. 32 ಬಿಟ್ ಪ್ರೋಗ್ರಾಮಿಗೆ 64 ಬಿಟ್ ಡಿಎಲ್‌ಎಲ್ ಕೊಟ್ಟಾಗ ಸಾಮಾನ್ಯವಾಗಿ ಬರುವ ಸಂಖ್ಯೆ ಅದು.

ಅಷ್ಟಕ್ಕೇ ನಿಲ್ಲಿಸಿದ್ದರೆ ಹಾನಿ ಸಣ್ಣದಾಗಿರುತ್ತಿತ್ತು. ಡಿಎಲ್‌ಎಲ್ ದೋಷಗಳನ್ನೆಲ್ಲ ತಾನೇ ಸರಿಪಡಿಸುವುದಾಗಿ ಹೇಳುವ ಒಂದು ಉಚಿತ ಪ್ರೋಗ್ರಾಮನ್ನು ಅವನು ಇಳಿಸಲು ಹೋದಾಗ ಆಂಟಿವೈರಸ್ ತಡೆಯಿತು. “ಸೇಠ್, ಎರಡು ನಿಮಿಷ ಇದನ್ನು ಬಂದ್ ಮಾಡಬೇಕು, ಇಲ್ಲದಿದ್ದರೆ ಕೆಲಸ ಆಗುವುದಿಲ್ಲ” ಎಂದು ಹಿಂದಿಯಲ್ಲಿ ಹೇಳಿ ಆಂಟಿವೈರಸ್ಸನ್ನೇ ಆರಿಸಿದ. ಮಧ್ಯಾಹ್ನದ ಊಟದ ಗಿರಾಕಿಗಳು ಬಿಲ್ಲಿಗಾಗಿ ಕಾಯುತ್ತಿದ್ದರು; ಮಾವ ತಲೆಯಾಡಿಸಿದರು. ಆ ಪ್ರೋಗ್ರಾಮ್ ನೂರಾರು ದೋಷಗಳಿವೆ ಎಂದು ಕೆಂಪು ಅಕ್ಷರಗಳಲ್ಲಿ ತೋರಿಸಿ, ಸರಿಪಡಿಸಲು ಹಣ ಕೇಳಿತು. ಹುಡುಗ ನಾಳೆ ಬರುತ್ತೇನೆಂದು ಹೋದವನು ಬರಲಿಲ್ಲ.

ಕೆಲವು ದಿನಗಳ ನಂತರ, ಹೋಟೆಲಿನಿಂದ ಊಟ ತರಿಸುವ ಒಂದು ಕಚೇರಿಯ ಲೆಕ್ಕದ ವಿಭಾಗದಿಂದ ಫೋನ್ ಬಂತು. ಇನ್ನು ಮುಂದೆ ಹಣವನ್ನು ಬೇರೊಂದು ಬ್ಯಾಂಕ್ ಖಾತೆಗೆ ಹಾಕಬೇಕೆಂದು ಹೋಟೆಲಿನ ಇಮೇಲಿನಿಂದಲೇ ಅವರಿಗೆ ಪತ್ರ ಹೋಗಿತ್ತು. ಆ ಕಚೇರಿಯ ಹೆಣ್ಣುಮಗಳು ವಿಚಾರಿಸದೆ ಹಣ ಹಾಕಿದ್ದರೆ ಒಂದು ತಿಂಗಳ ಬಾಕಿ ಪೂರ್ತಿ ಮುಳುಗುತ್ತಿತ್ತು. ಇಮೇಲಿನ ಪಾಸ್‌ವರ್ಡ್ ಆ ಕಂಪ್ಯೂಟರಿನ ಬ್ರೌಸರಿನಲ್ಲಿ ಉಳಿಸಿಟ್ಟದ್ದಾಗಿತ್ತು. ಕದ್ದದ್ದು ಆ ಪ್ರೋಗ್ರಾಮೇ ಎಂದು ಸಾಬೀತುಪಡಿಸಲು ನನ್ನಿಂದಾಗದು. ಆದರೆ ಉಳಿಸಿಟ್ಟ ಪಾಸ್‌ವರ್ಡುಗಳನ್ನು ದೋಚುವ ದುಷ್ಟ ತಂತ್ರಾಂಶಗಳು ಇಂಥ ಉಚಿತ ಉಪಕರಣಗಳ ವೇಷದಲ್ಲಿ ಬರುವುದು ಗೊತ್ತಿರುವ ಸಂಗತಿ.

ನಾನು ಹೋಗಿ ನೋಡಿದಾಗ ರಿಲಯಬಿಲಿಟಿ ಮಾನಿಟರ್ ಎಂಬ ವಿಂಡೋಸಿನ ದಾಖಲೆಯಲ್ಲಿ ಮೂಲಕಾರಣ ಸಿಕ್ಕಿತು. ಅದೇ ಅಂಗಡಿಯವರು ಹಿಂದಿನ ಸಲ ಜಾಗ ಖಾಲಿ ಮಾಡುವಾಗ, ಮೇಲೆ ಹೇಳಿದ ಹಂಚಿಕೆಯ ಫೈಲುಗಳನ್ನು ಒದಗಿಸುವ, ಪ್ರೋಗ್ರಾಮುಗಳ ಪಟ್ಟಿಯಲ್ಲಿದ್ದ ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಪ್ಯಾಕೇಜುಗಳನ್ನು ಒಂದೇ ವಸ್ತುವಿನ ನಕಲುಗಳೆಂದು ಭಾವಿಸಿ ತೆಗೆದುಹಾಕಿದ್ದರು. 2010, 2012, 2013ರವು ಬೇರೆ ಬೇರೆ ಪ್ಯಾಕೇಜುಗಳು. 2015 ಮತ್ತು ನಂತರದ್ದು ಒಂದೇ ಪ್ಯಾಕೇಜು. ಪ್ರತಿಯೊಂದಕ್ಕೂ ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎಂಬ ಎರಡು ರೂಪಗಳಿವೆ. ಪಟ್ಟಿ ಉದ್ದವಾಗಿ ಕಂಡರೂ ಯಾವುದನ್ನೂ ಮುಟ್ಟಬಾರದು. ಹುಡುಗ ಹಾಕಿದ್ದ ಫೈಲಿನ ಪ್ರಾಪರ್ಟೀಸ್ ತೆರೆದರೆ ಅದರಲ್ಲಿ ಡಿಜಿಟಲ್ ಸಿಗ್ನೇಚರ್ಸ್ ಎಂಬ ವಿಭಾಗವೇ ಇರಲಿಲ್ಲ. ಮೈಕ್ರೋಸಾಫ್ಟಿನ ಅಸಲಿ ಫೈಲಿನಲ್ಲಿ ಆ ಕಂಪನಿಯ ಸಹಿ ಅಲ್ಲಿ ಕಾಣಬೇಕು.

ಮೊದಲೇ ಮಾಡಬೇಕಾಗಿದ್ದ ಕೆಲಸ ಇಷ್ಟೇ: ಮೈಕ್ರೋಸಾಫ್ಟಿನ ಸ್ವಂತ ತಾಣದಿಂದ ಈ ಫೈಲ್ ಸೇರಿರುವ, 2015 ಮತ್ತು ನಂತರದ ಪ್ಯಾಕೇಜನ್ನು ಉಚಿತವಾಗಿ ಇಳಿಸಿ, ಎಕ್ಸ್86 ಮತ್ತು ಎಕ್ಸ್64 ಎರಡನ್ನೂ ಹಾಕಿ, ಕಂಪ್ಯೂಟರನ್ನು ಒಮ್ಮೆ ಆರಿಸಿ ಹಚ್ಚುವುದು. ಫೈಲ್ ಯಾರದೆಂಬುದನ್ನು ಮೊದಲು ತಿಳಿಯಬೇಕು. ಬಿಲ್ಲಿಂಗ್ ಸಾಫ್ಟ್‌ವೇರಿನ ಸ್ವಂತ ಡಿಎಲ್‌ಎಲ್ ಕಾಣೆಯಾದರೆ ಡೇಟಾದ ಬ್ಯಾಕಪ್ ತೆಗೆದುಕೊಂಡು ಅದೇ ಸಾಫ್ಟ್‌ವೇರನ್ನು ಮತ್ತೆ ಇನ್‌ಸ್ಟಾಲ್ ಮಾಡಬೇಕು. ವಿಂಡೋಸಿನದೇ ಆದ ಫೈಲ್ ಹಾಳಾಗಿದ್ದರೆ ಅಡ್ಮಿನಿಸ್ಟ್ರೇಟರ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ವಿಂಡೋಸಿನದೇ ದುರಸ್ತಿ ಆಜ್ಞೆಗಳಾದ ಡಿಐಎಸ್ಎಂ, ಆಮೇಲೆ ಎಸ್ಎಫ್‌ಸಿ ಸ್ಕ್ಯಾನ್‌ನೌ ಓಡಿಸಬೇಕು. ವಿಷುಯಲ್ ಸಿ++ ಪ್ಯಾಕೇಜಿನ ಫೈಲುಗಳನ್ನು ಎಸ್ಎಫ್‌ಸಿಯಿಂದ ನಿರೀಕ್ಷಿಸಬೇಡಿ. ಆಂಟಿವೈರಸ್ಸೇ ಫೈಲನ್ನು ಕ್ವಾರಂಟೈನಿಗೆ ಹಾಕಿರುವುದೂ ಉಂಟು. ಅಲ್ಲಿ ಕಂಡರೆ ಕೂಡಲೇ ಹೊರಗೆ ತರದೆ ಸಾಫ್ಟ್‌ವೇರ್ ತಯಾರಕರನ್ನು ಕೇಳಿ.

ಮಾವನವರ ಕಂಪ್ಯೂಟರಿನಲ್ಲಿ ಮಾತ್ರ ಇಷ್ಟರಿಂದ ತೀರುವಂತಿರಲಿಲ್ಲ. ಒಮ್ಮೆ ಅಪರಿಚಿತ ಪ್ರೋಗ್ರಾಮ್ ಓಡಿದ ಮೇಲೆ ಆ ಯಂತ್ರವನ್ನು ನಂಬಲಾಗದು. ಡೇಟಾ ಫೈಲುಗಳನ್ನು ಮಾತ್ರ ಬೇರೆಡೆ ಇರಿಸಿ, ಡಿಸ್ಕನ್ನು ಅಳಿಸಿ, ವಿಂಡೋಸನ್ನು ಹೊಸದಾಗಿ ಹಾಕಿದೆವು. ಪಾಸ್‌ವರ್ಡುಗಳನ್ನು ಮಾವನವರ ಮಗಳ ಫೋನಿನಿಂದ ಬದಲಿಸಿದೆವು, ಏಕೆಂದರೆ ಸೋಂಕಿದ ಯಂತ್ರದಲ್ಲೇ ಬದಲಿಸಿದರೆ ಹೊಸದೂ ಕಳ್ಳನ ಕೈಸೇರಬಹುದು. ಇಮೇಲಿನಲ್ಲಿ ಪತ್ರಗಳನ್ನು ಬೇರೆಡೆಗೆ ಕಳಿಸುವ ಗುಪ್ತ ನಿಯಮ ಇದೆಯೇ ಎಂದೂ ನೋಡಿದೆವು, ಇತ್ತು, ತೆಗೆದೆವು. ಹಣ ಹೋಗಿದ್ದರೆ ಆ ಕ್ಷಣವೇ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಬೇಕಾಗಿತ್ತು. ಅಷ್ಟು ದಿನವೂ ಹೋಟೆಲಿನಲ್ಲಿ ಕಾರ್ಬನ್ ಹಾಳೆಯಿಟ್ಟು ಕೈಬಿಲ್ಲು ಬರೆದರು, ಜಿಎಸ್‌ಟಿಆರ್-1 ತಡವಾಗಿ ಹೋಯಿತು, ಅಂಗಡಿಯವರು ತಮ್ಮ ವಿಸಿಟಿಂಗ್ ಚಾರ್ಜನ್ನು ಮಾತ್ರ ಮರೆಯದೆ ಕೇಳಿ ಕಳಿಸಿದರು.