ಹಾರ್ವರ್ಡ್ ಲಾ ರಿವ್ಯೂ: ವಿದ್ಯಾರ್ಥಿಗಳೇ ನಡೆಸೋ ಜರ್ನಲ್ ಓದಬೇಕಾ ಅಂದ್ರೆ, ಖಂಡಿತ ಓದಿ, ಆದ್ರೆ ಹಿಂದಿನಿಂದ ಓದಿ

ಅಮೆರಿಕದ ಹಾರ್ವರ್ಡ್ ಲಾ ಸ್ಕೂಲಿನ ವಿದ್ಯಾರ್ಥಿಗಳು ತರೋ ಈ ಕಾನೂನು ಜರ್ನಲ್‌ಗೆ ನಾನು ಬಂದಿದ್ದು ಪುಟ್ಟಸ್ವಾಮಿ ಕೇಸಿನ ದಾರೀಲಿ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ ಅವ್ರು ಆಧಾರ್ ವಿಚಾರವಾಗಿ 2012ರಲ್ಲಿ ಹಾಕಿದ ಕೇಸು, 2017ರ ಆಗಸ್ಟ್ 24ಕ್ಕೆ ಸುಪ್ರೀಂ ಕೋರ್ಟಿನ ಒಂಬತ್ತು ಜನ ಜಡ್ಜುಗಳು ಪ್ರೈವಸಿ ಮೂಲಭೂತ ಹಕ್ಕು ಅಂತ ಒಂದೇ ದನೀಲಿ ಹೇಳಿದ್ರಲ್ಲ, ಅದೇ. ಆ ತೀರ್ಪು ಓದ್ತಾ ಹೋದ್ರೆ 1890ರ ಒಂದು ಲೇಖನದ ಪ್ರಸ್ತಾಪ ಬರತ್ತೆ, ವಾರೆನ್ ಮತ್ತು ಬ್ರಾಂಡೈಸ್ ಅನ್ನೋ ಇಬ್ಬರು ಅಮೆರಿಕದ ವಕೀಲರು ಪ್ರೈವಸಿ ಬಗ್ಗೆ ಬರೆದಿದ್ದು, ಅಚ್ಚಾಗಿದ್ದು ಹಾರ್ವರ್ಡ್ ಲಾ ರಿವ್ಯೂನಲ್ಲಿ. ಅಷ್ಟು ಹಳೇ ಲೇಖನ ಇಲ್ಲಿಗ್ಯಾಕೆ ಬಂತು ಅಂತ ಹುಡುಕ್ಕೊಂಡು ಹೋದವನು ಆ ಜರ್ನಲ್ಲೇ ಹಿಡ್ಕೊಂಡು ಕೂತ್ಬಿಟ್ಟೆ.

ಮೊದ್ಲು ನನ್ನನ್ನ ಹಿಡಿದು ನಿಲ್ಲಿಸಿದ್ದು ಇದನ್ನ ನಡೆಸೋರು ಯಾರು ಅನ್ನೋದು. ಪ್ರೊಫೆಸರುಗಳಲ್ಲ, ಎರಡನೇ ಮೂರನೇ ವರ್ಷದಲ್ಲಿ ಓದ್ತಿರೋ ವಿದ್ಯಾರ್ಥಿಗಳು! ಬೇರೆ ವಿಷಯಗಳಲ್ಲಿ ಜರ್ನಲ್‌ಗೆ ಲೇಖನ ಕಳಿಸಿದ್ರೆ ಅದೇ ಕ್ಷೇತ್ರದ ಹಿರಿಯರು ಓದಿ ತೀರ್ಮಾನ ಮಾಡ್ತಾರೆ, ಅಮೆರಿಕದ ಲಾ ಸ್ಕೂಲುಗಳಲ್ಲಿ ಮಾತ್ರ ಇದು ಉಲ್ಟಾ, ಕ್ಲಾಸಲ್ಲಿ ಪಾಠ ಹೇಳೋ ಮೇಷ್ಟ್ರ ಬರಹ ಹಾಕಬೇಕಾ ಬೇಡ್ವಾ ಅಂತ ಕ್ಲಾಸಲ್ಲಿ ಕೂರೋರು ನಿರ್ಧಾರ ಮಾಡ್ತಾರೆ, ಆಮೇಲೆ ಸಾಲುಸಾಲೂ ತಿದ್ದುತ್ತಾರೆ. ಮೊದಲ ವರ್ಷ ಮುಗೀತಿದ್ದಂಗೆ ಒಂದು ಬರವಣಿಗೆ ಸ್ಪರ್ಧೆ ಇರತ್ತೆ, ಅದರಲ್ಲಿ ಗೆದ್ದವರು ಒಳಗೆ ಬರ್ತಾರೆ, ತಮ್ಮಲ್ಲೇ ಒಬ್ಬರನ್ನ ಪ್ರೆಸಿಡೆಂಟ್ ಅಂತ ಆರಿಸ್ಕೋತಾರೆ. ಪ್ರತಿ ವರ್ಷ ಹೊಸ ತಂಡ. ನವೆಂಬರಿಂದ ಜೂನ್‌ವರೆಗೆ ಎಂಟು ಸಂಚಿಕೆ, ಒಟ್ಟು 2,000ಕ್ಕಿಂತ ಜಾಸ್ತಿ ಪುಟ, ಓದು ಪರೀಕ್ಷೆ ಎಲ್ಲದರ ಮಧ್ಯೆ. ಕಾನೂನು ಪ್ರಕಾರ ಜರ್ನಲ್ಲು ಲಾ ಸ್ಕೂಲಿಂದ ಬೇರೆಯಾದ ಸ್ವತಂತ್ರ ಸಂಸ್ಥೆ, ಇದೂ ಮುಖ್ಯ.

ವಿದ್ಯಾರ್ಥಿಗಳು ನಡೆಸೋ ಲಾ ಜರ್ನಲ್ ಇವರೇ ಮೊದಲು ಮಾಡಿದ್ದಲ್ಲ, ಆಲ್ಬನಿ, ಕೊಲಂಬಿಯಾ ಲಾ ಸ್ಕೂಲುಗಳಲ್ಲಿ ಪ್ರಯತ್ನ ಆಗಿತ್ತು, ಬಾಳಲಿಲ್ಲ. ಇದು 1887ರ ಏಪ್ರಿಲಲ್ಲಿ ಶುರುವಾಗಿ ಇವತ್ತಿಗೂ ನಡೀತಿದೆ. ಬಾಳಿದ್ದಕ್ಕೆ ಒಂದು ಕಾರಣ ಹಳೇ ವಿದ್ಯಾರ್ಥಿಗಳು ಬೆನ್ನಿಗೆ ನಿಂತಿದ್ದು, ಅದರಲ್ಲೂ ಬಾಸ್ಟನ್ನಿನಲ್ಲಿ ವಕೀಲಿಕೆ ಮಾಡ್ತಿದ್ದ ಲೂಯಿ ಬ್ರಾಂಡೈಸ್. ಮೂರು ವರ್ಷ ಆದ್ಮೇಲೆ ಇದೇ ಬ್ರಾಂಡೈಸ್ ತನ್ನ ಪಾರ್ಟ್ನರ್ ಸ್ಯಾಮುಯೆಲ್ ವಾರೆನ್ ಜೊತೆ ಆ ಪ್ರೈವಸಿ ಲೇಖನ ಬರೆದ್ರು. ಆಗ ತಟ್ಟಂತ ಫೋಟೋ ಹೊಡೆಯೋ ಕ್ಯಾಮೆರಾ ಬಂದಿತ್ತು, ಪೇಪರಿನವರು ಮನೆಯೊಳಗಿನ ವಿಷಯಾನೂ ಅಚ್ಚು ಹಾಕ್ತಿದ್ರು. ಇದನ್ನ ತಡೆಯೋಕೆ ನೇರವಾಗಿ ಒಂದು ಕಾನೂನು ಇರಲಿಲ್ಲ, ಹಳೇ ತೀರ್ಪುಗಳನ್ನ ಜೋಡಿಸಿ ಜೋಡಿಸಿ, ನೋಡಿ ಈ ಹಕ್ಕು ಇವುಗಳ ಒಳಗೇ ಇದೆ ಅಂತ ತೋರಿಸ್ತಾರೆ. 1916ರಲ್ಲಿ ಬ್ರಾಂಡೈಸ್ ಅಮೆರಿಕದ ಸುಪ್ರೀಂ ಕೋರ್ಟ್ ಜಡ್ಜ್ ಆದ್ರು, 1928ರಲ್ಲಿ, ಫೆಡರಲ್ ಸರ್ಕಾರದ ಏಜೆಂಟರು ಫೋನ್ ಕದ್ದು ಕೇಳಿದ ಓಮ್‌ಸ್ಟೆಡ್ ಕೇಸಲ್ಲಿ ಬಹುಮತದ ವಿರುದ್ಧ ಭಿನ್ನ ತೀರ್ಪು ಬರೆದು ಅದೇ ವಿಚಾರಾನ ಕೋರ್ಟಿನೊಳಗೆ ತಂದ್ರು. ಇವತ್ತು ಫೋನ್ ಕೈಲಿಟ್ಕೊಂಡು ಆ 1890ರ ಲೇಖನ ಓದಿದ್ರೆ ಮೈ ಜುಮ್ಮನ್ನತ್ತೆ, ನಿಜವಾಗ್ಲೂ. ಉದ್ದಾನೂ ಇಲ್ಲ, ಒಂದು ಸಂಜೇಲಿ ಮುಗಿಯತ್ತೆ, ಭಾಷೆ ಹಳೇದು ಅಷ್ಟೇ.

ಈಗ ಕಷ್ಟದ ವಿಷಯ. ಇವತ್ತಿನ ಲೇಖನಗಳು ಹಂಗಿಲ್ಲ. ಅಡಿಟಿಪ್ಪಣಿ ಅಂದ್ರೆ ಅಡಿಟಿಪ್ಪಣಿ, ಕೆಲವು ಪುಟದಲ್ಲಿ ಮೇಲೆ ನಾಲ್ಕು ಸಾಲು, ಕೆಳಗೆಲ್ಲಾ ಸಣ್ಣ ಅಕ್ಷರ. ಯಾಕೆ ಹಿಂಗೆ ಅಂತ ಯೋಚಿಸಿದಾಗ ನನಗೆ ಅನ್ಸಿದ್ದು, ಇದೂ ವಿದ್ಯಾರ್ಥಿಗಳು ನಡೆಸೋದ್ರಿಂದಾನೇ ಬಂದಿರೋದು. ಇಪ್ಪತ್ತನಾಲ್ಕು ವರ್ಷದ ಎಡಿಟರ್‌ಗೆ ‘ಇದು ಎಲ್ಲರಿಗೂ ಗೊತ್ತಿರೋದೇ, ಬಿಡಿ’ ಅನ್ನೋ ಧೈರ್ಯ ಇರಲ್ಲ, ಹಂಗಾಗಿ ಪ್ರತಿ ಮಾತಿಗೂ ಆಧಾರ ಕೇಳ್ತಾರೆ, ಕೊಟ್ಟ ಆಧಾರಾನ ಮೂಲ ಪುಸ್ತಕ ತೆಗೆದು ಆ ಪುಟದಲ್ಲಿ ಆ ಮಾತು ಇದೆಯಾ ಅಂತ ಒಂದೊಂದಾಗಿ ಚೆಕ್ ಮಾಡ್ತಾರೆ. ಇದರಿಂದ ಓದೋಕೆ ತ್ರಾಸಾಗತ್ತೆ, ಆದ್ರೆ ನಂಬಿಕೆ ಇಟ್ಟು ಎತ್ಕೋಬಹುದು, ನಾನು ಅನುಮಾನಪಟ್ಟು ಮೂಲ ತೆಗೆದು ನೋಡಿದಾಗಲೆಲ್ಲಾ ಸರಿಯಾಗೇ ಇತ್ತು. ಸೈಟೇಶನ್, ಅಂದ್ರೆ ಆಧಾರದ ಉಲ್ಲೇಖ, ಹೆಂಗೆ ಬರೀಬೇಕು ಅಂತ ಹೇಳೋ ಬ್ಲೂಬುಕ್ಕನ್ನೂ ಇವರೇ ಕೊಲಂಬಿಯಾ, ಪೆನ್ಸಿಲ್ವೇನಿಯಾ, ಯೇಲ್ ಜರ್ನಲ್‌ಗಳ ಜೊತೆ ಸೇರಿ ತರೋದು, 1926ರಲ್ಲಿ ಪುಟ್ಟ ಕೈಪಿಡಿ ಆಗಿದ್ದಿದ್ದು ಒಂದು ಹಂತದಲ್ಲಿ 500 ಪುಟ ದಾಟಿತ್ತು. ಇದು ಅತಿಯಾಯ್ತು ಅಂತ್ಲೇ ನನ್ನ ಅಭಿಪ್ರಾಯ. ಲೇಖನ ಉದ್ದ ಆಗ್ತಿದೆ ಅನ್ನೋ ದೂರು ಅವರಿಗೂ ಮುಟ್ಟಿದೆ, ಅಡಿಟಿಪ್ಪಣಿ ಸೇರಿ 25,000 ಪದದೊಳಗಿದ್ರೆ ಒಳ್ಳೇದು ಅಂತ ಲೇಖಕರಿಗೆ ಹೇಳಿದಾರೆ, ಅದೂ ಒಂದು ಸಣ್ಣ ಪುಸ್ತಕಾನೇ ಆಯ್ತಲ್ಲ!

ಇನ್ನೊಂದು ಕೊರತೆ, ಸಂವಿಧಾನ ಅಂದ್ರೆ ಇವರಿಗೆ ಎಲ್ಲಿಲ್ಲದ ಹುಮ್ಮಸ್ಸು, ತೆರಿಗೆ, ಆಸ್ತಿ, ದಿನನಿತ್ಯದ ಕೋರ್ಟ್ ಕೆಲಸ ಇವಕ್ಕೆಲ್ಲಾ ಜಾಗ ಕಮ್ಮಿ. ಪ್ರಾಕ್ಟೀಸ್ ಮಾಡೋ ವಕೀಲರು ಇದನ್ನ ಓದಿ ನಾಳೆ ಬೆಳಗ್ಗೆ ಉಪಯೋಗ ಆಗತ್ತೆ ಅಂದ್ಕೊಂಡ್ರೆ ನಿರಾಸೆ ಆಗತ್ತೆ.

ಒಳಗೆ ಯಾರಿಗೆ ಪ್ರವೇಶ ಸಿಗ್ತಿತ್ತು ಅನ್ನೋ ಕಥೇನೂ ಗೊತ್ತಿರಬೇಕು, ಯಾಕಂದ್ರೆ ಇಲ್ಲಿಂದ ಬಂದವರು ದೊಡ್ಡ ದೊಡ್ಡ ಕುರ್ಚೀಲಿ ಕೂರ್ತಾರೆ. 1887ರಲ್ಲಿ ಶುರುವಾದ ಜರ್ನಲ್ಲಿಗೆ ಮೊದಲ ಮಹಿಳಾ ಪ್ರೆಸಿಡೆಂಟ್ ಸೂಸನ್ ಎಸ್ಟ್ರಿಚ್ ಬಂದಿದ್ದು 1976ರಲ್ಲಿ, ಮೊದಲ ಕಪ್ಪು ಪ್ರೆಸಿಡೆಂಟ್ ಬರಾಕ್ ಒಬಾಮ 1990ರಲ್ಲಿ. ಅಂದ್ರೆ ನೂರು ವರ್ಷಕ್ಕಿಂತ ಹೆಚ್ಚು ಕಾಲ! ಅಮೆರಿಕದ ಈಗಿನ ಚೀಫ್ ಜಸ್ಟೀಸ್ ಜಾನ್ ರಾಬರ್ಟ್ಸ್ ಕೂಡ ಇಲ್ಲಿ ಎಡಿಟರ್ ಆಗಿದ್ದವರೇ. ಮುಂದೆ ಅಮೆರಿಕದ ಸುಪ್ರೀಂ ಕೋರ್ಟ್ ಜಡ್ಜ್ ಆದ ರುತ್ ಬೇಡರ್ ಗಿನ್ಸ್‌ಬರ್ಗ್ ಇಲ್ಲೂ ಇದ್ರು, ಕೊಲಂಬಿಯಾಗೆ ಹೋದ್ಮೇಲೆ ಅಲ್ಲಿನ ಜರ್ನಲ್ಲಲ್ಲೂ ಇದ್ರು.

ನನಗೆ ಎಲ್ಲಕ್ಕಿಂತ ಇಷ್ಟ ಆಗಿದ್ದು ಮಾತ್ರ ದೊಡ್ಡವರ ಲೇಖನ ಅಲ್ಲ, ಕೊನೇಲಿ ಬರೋ ವಿದ್ಯಾರ್ಥಿಗಳ ನೋಟ್ಸ್ (ಅವರೇ ಬರೆದ ಸಣ್ಣ ಲೇಖನಗಳು) ಮತ್ತು ಕೇಸ್ ಕಾಮೆಂಟ್ಸ್. ಅವಕ್ಕೆ ಹೆಸರೇ ಹಾಕಲ್ಲ, ಯಾಕಂದ್ರೆ ಒಬ್ಬರು ಬರೆದಿದ್ರೂ ಉಳಿದ ಎಡಿಟರ್‌ಗಳ ಕೈ ಅದರಲ್ಲಿ ಸೇರಿರತ್ತೆ. ಒಂದು ತೀರ್ಪು ತಗೊಂಡು, ಏನಾಯ್ತು, ಕೋರ್ಟ್ ಏನಂತು, ಎಲ್ಲಿ ಎಡವಿತು ಅಂತ ಕೆಲವೇ ಪುಟದಲ್ಲಿ ಹೇಳಿ ಮುಗಿಸ್ತಾರೆ. ಕಾನೂನು ಓದ್ತಿರೋರಿಗೆ ತೀರ್ಪನ್ನ ಹೆಂಗೆ ಬಿಡಿಸಿ ನೋಡಬೇಕು ಅಂತ ಕಲಿಯೋಕೆ ಇದಕ್ಕಿಂತ ಒಳ್ಳೇ ಸಾಮಗ್ರಿ ನನಗೆ ಸಿಕ್ಕಿಲ್ಲ.

ಹೊಸ ಸಂಚಿಕೆಗಳು ಅವರ ವೆಬ್‌ಸೈಟಲ್ಲೇ ಫ್ರೀ ಸಿಗತ್ತೆ. ಶುರು ಮಾಡೋರು ನವೆಂಬರ್ ಸಂಚಿಕೆ ತಗೊಳ್ಳಿ, ಅದು ಹಿಂದಿನ ವರ್ಷ ಅಮೆರಿಕದ ಸುಪ್ರೀಂ ಕೋರ್ಟಲ್ಲಿ ಏನೇನಾಯ್ತು ಅನ್ನೋದಕ್ಕೇ ಮೀಸಲು. ಮುಂದಿರೋ ಉದ್ದನೆ ಮುನ್ನುಡಿ ಬಿಟ್ಟು ನೇರ ಹಿಂದಕ್ಕೆ ಹೋಗಿ, ಪೇಪರಲ್ಲಿ ಹೆಸರು ಕೇಳಿರೋ ಒಂದು ಕೇಸಿನ ಕಾಮೆಂಟ್ ಓದಿ, ಅಡಿಟಿಪ್ಪಣಿ ಮೊದಲ ಸಲ ನೋಡಲೇಬೇಡಿ.