ಖುಲಾಸೆ ತೀರ್ಪಿನ ವಿರುದ್ಧ: ಮೇಲ್ಮನವಿಯೋ, ಪುನರ್‌ಪರಿಶೀಲನಾ ಅರ್ಜಿಯೋ?

ಸಂತ್ರಸ್ತರು ಮೊದಲು ನೋಡಬೇಕಾದ್ದು ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಅಪರಾಧ ಪ್ರಕರಣಗಳ ವಿಚಾರಣಾ ಕಾನೂನು) 413ನೇ ಕಲಮಿನ ಮೇಲ್ಮನವಿ. ಮ್ಯಾಜಿಸ್ಟ್ರೇಟ್ ಖುಲಾಸೆ ಮಾಡಿದ್ದರೆ ಸೆಷನ್ಸ್ ಕೋರ್ಟಿಗೇ ಹೋಗಬಹುದು. ಹಳೆಯ ಸಂಹಿತೆಯ (ಸಿಆರ್‌ಪಿಸಿ) ಇದೇ ಹಕ್ಕಿಗೆ ಕೋರ್ಟಿನ ಪೂರ್ವಾನುಮತಿ ಬೇಡವೆಂದು ಸುಪ್ರೀಂ ಕೋರ್ಟ್ 2018ರಲ್ಲಿ ಹೇಳಿದೆ. ಸರ್ಕಾರ 419ರಡಿ ಹೈಕೋರ್ಟಿಗೆ ಹೋದರೆ ಅನುಮತಿ ಬೇಕೇ ಬೇಕು.

ಮೇಲ್ಮನವಿಯಲ್ಲಿ ಸಾಕ್ಷ್ಯವನ್ನೆಲ್ಲ ಹೊಸದಾಗಿ ತೂಗಿ ಶಿಕ್ಷೆ ವಿಧಿಸಬಹುದು. ಆದರೆ ದಾರಿ ಸಲೀಸಲ್ಲ: ಅದೇ ಸಾಕ್ಷ್ಯದಿಂದ ಎರಡು ಅಭಿಪ್ರಾಯ ಸಾಧ್ಯವಿದ್ದರೆ ಖುಲಾಸೆಯೇ ಉಳಿಯುತ್ತದೆ. ‘ಗಾಯಾಳುವನ್ನು ನಂಬಬೇಕಿತ್ತು’ ಎಂದರೆ ಸಾಲದು; ಗಾಯದ ಪ್ರಮಾಣಪತ್ರ ಆತನ ಮಾತಿಗೆ ಹೊಂದುತ್ತಿದ್ದರೂ ತೀರ್ಪು ಅದನ್ನು ಮುಟ್ಟಿಯೇ ಇಲ್ಲವೆಂದು ಪುಟಸಮೇತ ತೋರಿಸಿ.

442ನೇ ಕಲಮಿನಡಿ ಹೈಕೋರ್ಟ್ ನಡೆಸುವ ಪುನರ್‌ಪರಿಶೀಲನೆಯಲ್ಲಿ (ರಿವಿಷನ್) ಖುಲಾಸೆಯನ್ನು ಶಿಕ್ಷೆಯಾಗಿ ಬದಲಿಸುವಂತಿಲ್ಲ, ಹೆಚ್ಚೆಂದರೆ ಮರುವಿಚಾರಣೆ. ಮೇಲ್ಮನವಿಯ ಹಕ್ಕಿದ್ದೂ ಬಿಟ್ಟು ಇಲ್ಲಿಗೆ ಬಂದರೆ ಅರ್ಜಿ ನಿಲ್ಲದು. ಪೊಲೀಸ್ ಪ್ರಕರಣದಲ್ಲಿ ‘ಸಂತ್ರಸ್ತ’ (ಅಪರಾಧದಿಂದ ನಷ್ಟ ಅಥವಾ ಹಾನಿ ಅನುಭವಿಸಿದವರು) ವ್ಯಾಖ್ಯೆಗೆ ಬಾರದ ದೂರುದಾರರಿಗೆ, ಮುಖ್ಯ ಸಾಕ್ಷ್ಯವನ್ನೇ ತಪ್ಪಾಗಿ ಹೊರಗಿಟ್ಟಿದ್ದಾಗ, ಇದು ಸರಿಯಾದ ದಾರಿ. ಈ ಅರ್ಜಿ ಸಲ್ಲಿಸುವ ಅವಧಿ 90 ದಿನ.