ಒಂದೇ ಟೊಮೆಟೊ ಮಂಡಿ, ಎರಡು ಸಲ ಕ್ಯಾಮೆರಾ

ಡಾಕ್ಯುಮೆಂಟರಿ ಮಾಡಲಾ, ಸಿನಿಮಾಗೆ ಹೋಗಲಾ ಅಂತ ಕ್ಯಾಮೆರಾ ಕಲಿಯುವ ಹುಡುಗರು ಕೇಳುತ್ತಿರುತ್ತಾರೆ. ನಾನು ಕೋಲಾರದ ಎಪಿಎಂಸಿ ಟೊಮೆಟೊ ಮಂಡಿಯನ್ನು ಎರಡಕ್ಕೂ ಶೂಟ್ ಮಾಡಿದ್ದೇನೆ.

ಡಾಕ್ಯುಮೆಂಟರಿಗೆ ಹೋದವರು ಮೂರೇ ಜನ. ಲೈಟ್ ಇಲ್ಲ, ಮಂಡಿಯ ಟ್ಯೂಬ್‌ಲೈಟೇ ಗತಿ. ನಮ್ಮ ಕರೆಂಟು 50 ಹರ್ಟ್ಜ್, ಹಳೆ ಚೋಕಿನ ಟ್ಯೂಬ್‌ಲೈಟು ಸೆಕೆಂಡಿಗೆ 100 ಸಲ ಮಿನುಗುತ್ತದೆ, ಅದು ನಮ್ಮ ಕಣ್ಣಿಗೆ ಬೀಳದಿದ್ದರೂ ಕ್ಯಾಮೆರಾ ಬಿಡುವುದಿಲ್ಲ. ಅರೆನಿದ್ದೆಯಲ್ಲಿ ಶಟರ್, ಅಂದ್ರೆ ಒಂದೊಂದು ಫ್ರೇಮಿಗೆ ಬೆಳಕು ಬೀಳುವ ಹೊತ್ತು, 1/60 ಸೆಕೆಂಡಿಗೆ ಇಟ್ಟಿದ್ದೆ. ರೂಮಿಗೆ ಬಂದು ನೋಡಿದರೆ ಇಡೀ ಬೆಳಗಿನ ಫುಟೇಜ್ ಮೇಲೆ ಕಪ್ಪು ಪಟ್ಟೆಗಳು ಉರುಳುತ್ತಿದ್ದವು! ಮಾರನೇ ದಿನ, ಸರಿಯಾಗಿ ಎರಡು ಮಿನುಗು ಕೂರುವ 1/50ಕ್ಕೆ ಇಳಿಸಿದೆ, ಸರಿಹೋಯಿತು. ಆದರೆ ರೇಟು ಬಿದ್ದ ಆ ಮೊದಲ ದಿನ ಒಬ್ಬ ರೈತ ಖಾಲಿ ಕ್ರೇಟ್ ಬೋರಲು ಹಾಕಿಕೊಂಡು ಕೂತು, ಬೀಡಿ ಹಚ್ಚಿ, ಸೇದುವುದನ್ನೇ ಮರೆತಿದ್ದ ಶಾಟು ಹೋಯಿತು. ಇನ್ನೊಂದು ಸಲ ಹಾಗೇ ಕೂತ್ಕೋ ಅಣ್ಣ ಅಂತ ಕೇಳೋಕಾಗುತ್ತಾ?

ಸಿನಿಮಾದಲ್ಲಿ ಕೇಳಬಹುದು. ಏಳು ಸಲ ಕೇಳಿದೆವು. ಜನರೇಟರ್, ಲೈಟ್‌ಮನ್‌ಗಳು, ಫೋಕಸ್ ಹಿಡಿಯಲೆಂದೇ ಒಬ್ಬ ಫೋಕಸ್ ಪುಲ್ಲರ್ ಎಲ್ಲ ಇದ್ದರು. ಬೆಳಕು ನನ್ನ ಕೈಯಲ್ಲೇ ಇತ್ತು, ಅದರ ಸುಖ ಸುಳ್ಳು ಹೇಳಲ್ಲ. ಸಂಜೆ ಬಿಸಿಲು ಒಳಗೆ ಬರದಿದ್ದಾಗ ಬೀರುವಿನ ಕನ್ನಡಿ ತರಿಸಿ ತಿರುಗಿಸಿದೆ. (ಹೊಸದೇನಲ್ಲ. ನಮ್ಮ ಮೈಸೂರಿನ ವಿ.ಕೆ. ಮೂರ್ತಿಯವರು ಕನ್ನಡಿಯಲ್ಲಿ ಬಿಸಿಲು ಹಿಡಿದದ್ದು 1950ರ ದಶಕದಲ್ಲೇ. ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕ ಅವರು.) ಕಷ್ಟ ಕೊಟ್ಟಿದ್ದು ಟೊಮೆಟೊ. ಲೈಟಿನ ಬಿಸಿಗೆ ಮಧ್ಯಾಹ್ನದ ಹೊತ್ತಿಗೆ ಮೆತ್ತಗಾಗಿ, ಶಾಟಿನಿಂದ ಶಾಟಿಗೆ ಎಲ್ಲ ಒಂದೇ ಥರ ಇದೆಯಾ ಅಂತ ನೋಡುವ ಕಂಟಿನ್ಯುಟಿ ಹುಡುಗಿ ಮೇಲಿನ ಸಾಲು ಬದಲಾಯಿಸಿ ಬದಲಾಯಿಸಿ ಸುಸ್ತಾದಳು.

ದುಡ್ಡಿನ ಮಾತು ಬಂದರೆ ಸಿನಿಮಾನೇ, ಚರ್ಚೆ ಬೇಡ. ಬೇಟಾ, ಅಂದ್ರೆ ದಿನಭತ್ಯೆ, ದಿನದಿನಕ್ಕೆ ಸಿಗುತ್ತದೆ. ಡಾಕ್ಯುಮೆಂಟರಿಯಲ್ಲಿ ಎಷ್ಟೋ ಸಲ ಬಸ್ ಚಾರ್ಜೂ ನನ್ನದೇ.

ಆದರೂ ಮೊದಲು ಡಾಕ್ಯುಮೆಂಟರಿ ಮಾಡಿ ಅಂತಲೇ ನಾನು ಹೇಳುವುದು. ಯಾಕಂದ್ರೆ ಸಿನಿಮಾದಲ್ಲಿ ಹರಾಜು ಕೂಗಲು ಮಂಡಿಯವರೊಬ್ಬರನ್ನೇ ಕರೆತಂದಿದ್ದೆವು, ದಿನಾ ಗಂಟೆಗಟ್ಟಲೆ ಕೂಗುವ ಮನುಷ್ಯ, ಆಕ್ಷನ್ ಅಂದ ಕೂಡಲೇ ಶಾಲೆಯಲ್ಲಿ ಪದ್ಯ ಒಪ್ಪಿಸುವ ಹುಡುಗನ ಥರ ಕೈಕಟ್ಟಿ ನಿಂತುಬಿಟ್ಟರು. ಡೈರೆಕ್ಟರು ತಲೆ ಚಚ್ಚಿಕೊಂಡು ಟೀ ಬ್ರೇಕ್ ಕೊಟ್ಟರು. ನಾನು ಡಾಕ್ಯುಮೆಂಟರಿ ಅಭ್ಯಾಸದಂತೆ ಟ್ರೈಪಾಡ್ ಬಿಟ್ಟು ಕ್ಯಾಮೆರಾ ಹೆಗಲಿಗೆ ಹಾಕಿಕೊಂಡು ಸುಮ್ನೆ ಅಲ್ಲೇ ನಿಂತೆ. ಟೀ ಕುಡಿಯುತ್ತಾ ಅವರು ಪಕ್ಕದವರಿಗೆ ನಿಜವಾದ ರೇಟು ಕೂಗಿ ತೋರಿಸತೊಡಗಿದರು, ಕೈಯಲ್ಲಿ ಲೋಟ, ಇನ್ನೊಂದು ಕೈ ಗಾಳಿಯಲ್ಲಿ. ಸಿನಿಮಾದಲ್ಲಿ ಉಳಿದದ್ದು ಅದೇ ಶಾಟು. ಶಾಟಿನ ಗುರುತಿಗೆ ಹೊಡೆಯುವ ಕ್ಲಾಪ್ ಹೊಡೆದಿರಲಿಲ್ಲ ಅಂತ ಎಡಿಟರ್ ಇವತ್ತಿಗೂ ಬೈಯುತ್ತಾರೆ.